ಅಕ್ಕಡಿ ಸಾಲು ತಪ್ಪಿದ ಕಾಳುಗಳು

ದೇಶದ ಅಂಕಿಅಂಶ ನೋಡಿದವರಿಗೆ ಬೇಳೆಕಾಳು ಏರುಮುಖದ ಬೆಳೆ. 1950-51ರಲ್ಲಿ ಭಾರತ ಬೆಳೆದದ್ದು ಸುಮಾರು 84 ಲಕ್ಷ ಟನ್. 2021-22ರಲ್ಲಿ ಅದು 273 ಲಕ್ಷ ಟನ್ ಮುಟ್ಟಿತು. ಮಂಡ್ಯ ಜಿಲ್ಲೆಯ ಕೃಷ್ಣರಾಜಪೇಟೆ ತಾಲ್ಲೂಕಿನ ಶೀಳನೆರೆ ಹೋಬಳಿಯಲ್ಲಿ ವಯಸ್ಸಾದ ರೈತರನ್ನು ಮಾತಿಗೆ ಎಳೆದರೆ ಕೇಳಿಬರುವುದು ಇದಕ್ಕೆ ತಿರುಗುಮುರುಗು. ಮೊದಲಿನಷ್ಟು ಅವರೆ ಇಲ್ಲ, ಹುರುಳಿ ಬಿತ್ತುವವರು ಕಡಿಮೆಯಾದರು, ಅಲಸಂದೆಯನ್ನು ಸಂತೆಯಿಂದ ತಂದು ತಿನ್ನುವ ಕಾಲ ಬಂತು ಎನ್ನುತ್ತಾರೆ. ಎರಡೂ ನಿಜ. ಏಕೆಂದರೆ ದೇಶ ಲೆಕ್ಕ ಇಡುವ ಕಾಳು ಬೇರೆ, ಈ ಸೀಮೆ ಉಣ್ಣುವ ಕಾಳು ಬೇರೆ.

ಕೇಂದ್ರ ಸರ್ಕಾರ ಬೆಂಬಲ ಬೆಲೆ ಘೋಷಿಸುವ ಬೇಳೆಕಾಳುಗಳು ಐದೇ: ತೊಗರಿ, ಕಡಲೆ, ಹೆಸರು, ಉದ್ದು, ಮಸೂರ. ಇವುಗಳಲ್ಲಿ ಮಸೂರವನ್ನು ಮಂಡ್ಯದ ರೈತ ಹೊಲದಲ್ಲಿ ಕಂಡವನೇ ಅಲ್ಲ. ಕಡಲೆಗೆ ಎರೆಭೂಮಿ ಬೇಕು, ಅದು ಧಾರವಾಡ, ಗದಗ, ವಿಜಯಪುರ, ಕಲಬುರಗಿಯ ಕಡೆಯ ಬೆಳೆ. ಶ್ರೀರಂಗಪಟ್ಟಣ, ಪಾಂಡವಪುರ, ಕೃಷ್ಣರಾಜಪೇಟೆ, ನಾಗಮಂಗಲದ ಕೆಂಪು ಮಣ್ಣು ತಲೆಮಾರುಗಳಿಂದ ಸಾಕಿಕೊಂಡು ಬಂದದ್ದು ಅವರೆ, ಹುರುಳಿ, ಅಲಸಂದೆಗಳನ್ನು. ಈ ಮೂರಕ್ಕೂ ಬೆಂಬಲ ಬೆಲೆಯಿಲ್ಲ, ಸರ್ಕಾರದ ಖರೀದಿ ಕೇಂದ್ರವಿಲ್ಲ. ರಾಷ್ಟ್ರಮಟ್ಟದ ಕೋಷ್ಟಕಗಳಲ್ಲಿ ಅವು ಬಹುಮಟ್ಟಿಗೆ ‘ಇತರ ಬೇಳೆಕಾಳುಗಳು’ ಎಂಬ ಒಂದು ಸಾಲಿನೊಳಗೆ ಕರಗಿಹೋಗುತ್ತವೆ. ಕಾಳಿನ ಏರಿಳಿತದ ಬಗ್ಗೆ ಯಾರು ಏನೇ ಬರೆದರೂ ಈ ಸಾಲನ್ನು ಬಿಡಿಸಿ ನೋಡದಿದ್ದರೆ ನಮ್ಮ ಸೀಮೆಯ ಪಾಡು ಅದರಲ್ಲಿ ಕಾಣುವುದಿಲ್ಲ.

ಈ ಕಾಳುಗಳು ಇಲ್ಲಿಗೆ ನಿನ್ನೆ ಮೊನ್ನೆ ಬಂದವಲ್ಲ. ಬಳ್ಳಾರಿ ಬಳಿಯ ಸಂಗನಕಲ್ಲು, ತುಂಗಭದ್ರೆಯ ದಡದ ಹಳ್ಳೂರಿನಂಥ ನವಶಿಲಾಯುಗದ ನೆಲೆಗಳಲ್ಲಿ ಪುರಾತತ್ತ್ವಜ್ಞರಾದ ರವಿ ಕೋರಿಶೆಟ್ಟರ್, ಡೋರಿಯನ್ ಫುಲ್ಲರ್ ಮತ್ತವರ ಸಂಗಡಿಗರು ಮಣ್ಣನ್ನು ನೀರಲ್ಲಿ ತೇಲಿಸಿ ಸೋಸಿದಾಗ ಸಿಕ್ಕಿದ್ದು ಸುಟ್ಟು ಕರಕಲಾದ ಹುರುಳಿ, ಹೆಸರು ಮತ್ತು ಸಣ್ಣ ಸಿರಿಧಾನ್ಯಗಳ ಕಾಳು. ದಕ್ಷಿಣ ಭಾರತದ ಮೊದಲ ರೈತರು ಭತ್ತವಲ್ಲ, ರಾಗಿಯೂ ಅಲ್ಲ, ಹುರುಳಿ, ಹೆಸರು, ಸಣ್ಣ ಸಿರಿಧಾನ್ಯಗಳನ್ನೇ ಬೆಳೆದು ಬದುಕಿದರು. ಸುಮಾರು ನಾಲ್ಕು ಸಾವಿರ ವರ್ಷಗಳ ಮಾತು ಇದು. ಆಫ್ರಿಕಾದಿಂದ ಬಂದ ಅವರೆ, ಅಲಸಂದೆ, ರಾಗಿ ಆಮೇಲೆ ಸೇರಿಕೊಂಡವು. ಟಿಪ್ಪು ಮಡಿದ ಮರುವರ್ಷ, 1800ರಲ್ಲಿ, ಕಂಪನಿ ಸರ್ಕಾರದ ಪರವಾಗಿ ಮೈಸೂರು ಸೀಮೆ ಸುತ್ತಿದ ಫ್ರಾನ್ಸಿಸ್ ಬುಕಾನನ್ ಶ್ರೀರಂಗಪಟ್ಟಣದ ಸುತ್ತಮುತ್ತ ಕಂಡ ಬೇಸಾಯವನ್ನು ಹೊಲ ಹೊಲವಾಗಿ ಬರೆದಿಟ್ಟಿದ್ದಾನೆ. 1807ರಲ್ಲಿ ಅಚ್ಚಾದ ಅವನ ಗ್ರಂಥದಲ್ಲಿ ರಾಗಿಯ ನಡುವೆ ಸಾಲು ಬಿಟ್ಟು ಅವರೆ, ತೊಗರಿ ಹಾಕುವ ಕ್ರಮದ ವಿವರವಿದೆ. ಇನ್ನೂರು ವರ್ಷದ ಹಿಂದಿನ ಆ ವಿವರವನ್ನು ಈಗ ಎಪ್ಪತ್ತು ದಾಟಿದ ಶೀಳನೆರೆ ಸೀಮೆಯ ಯಾವ ರೈತನಿಗೆ ಓದಿ ಹೇಳಿದರೂ ತನ್ನ ಅಪ್ಪನ ಬೇಸಾಯವನ್ನೇ ಹೇಳುತ್ತಿದ್ದಾರೆ ಎಂದುಕೊಳ್ಳುತ್ತಾನೆ.

ಆ ಕ್ರಮವೇ ಅಕ್ಕಡಿ. ಎತ್ತಿನ ಕೂರಿಗೆಯಲ್ಲಿ ರಾಗಿ ಬಿತ್ತುತ್ತ ಹೋಗುವಾಗ ಎಂಟು ಹತ್ತು ಸಾಲಿಗೊಂದು ಸಾಲು ಬಿಟ್ಟು, ಹಿಂದೆ ಬರುವ ಹೆಂಗಸು ಸಡ್ಡೆಗೆ, ಅಂದರೆ ಬೀಜದ ಕೊಳವೆಗೆ, ಅವರೆ ಕಾಳು ಬಿಡುತ್ತ ನಡೆಯುತ್ತಿದ್ದಳು. ಅದೇ ಸಾಲಿಗೆ ಒಂದಿಷ್ಟು ಹುಚ್ಚೆಳ್ಳು, ಸಾಸಿವೆ, ಅಲ್ಲಲ್ಲಿ ಜೋಳ, ಬದುವಿನಂಚಿಗೆ ತೊಗರಿ ಅಥವಾ ಹರಳು. ರಾಗಿ ಬೇಗ ಬೇರಿಳಿಸಿ ಮೇಲ್ಮಣ್ಣಿನ ಸಾರ ಹೀರಿ ಬೆಳೆದರೆ, ಅವರೆ ಬೇರು ಆಳಕ್ಕಿಳಿಸಿ, ಗಂಟುಗಳಲ್ಲಿ ಗಾಳಿಯ ಸಾರಜನಕ ಹಿಡಿದು ಕೂಡಿಡುತ್ತಿತ್ತು. ಕಾರ್ತಿಕದಲ್ಲಿ ರಾಗಿ ಕೊಯ್ದ ಮೇಲೆ ಹೊಲ ಬರಿದಾಗುತ್ತಿರಲಿಲ್ಲ. ಬಿಸಿಲು ನೆಲಕ್ಕೆ ಬಿದ್ದದ್ದೇ ತಡ ಅವರೆ ಕೈ ಚಾಚಿ ಹಬ್ಬಿ, ಇಬ್ಬನಿ ಕುಡಿದು ಹೂ ಬಿಟ್ಟು, ಮಾರ್ಗಶಿರ ಪುಷ್ಯದಲ್ಲಿ ಕಾಯಿ ತುಂಬುತ್ತಿತ್ತು. ಮಳೆ ಕೈಕೊಟ್ಟು ರಾಗಿ ಜೊಳ್ಳಾದರೂ ಅವರೆ ಉಳಿಯುತ್ತಿತ್ತು. ಕಾಯಿಕೊರಕ ಹತ್ತಿ ಅವರೆ ಹೋದರೂ ರಾಗಿ ಮನೆ ಸೇರಿರುತ್ತಿತ್ತು. ವರ್ಷಕ್ಕೆ ಏಳುನೂರು ಮಿ.ಮೀ. ಆಸುಪಾಸಿನ ಮಳೆ, ಅದೂ ಹೇಳಿ ಕೇಳಿ ಬಾರದ ಮಳೆ, ಇರುವ ಸೀಮೆಗೆ ಇದಕ್ಕಿಂತ ಗಟ್ಟಿಯಾದ ಬೆಳೆವಿಮೆ ಇನ್ನೂ ಬಂದಿಲ್ಲ ಎಂದೇ ನನ್ನ ನಂಬಿಕೆ. ಕೃಷಿ ವಿಶ್ವವಿದ್ಯಾನಿಲಯವೂ ಎಂಟು ಸಾಲು ರಾಗಿಗೆ ಒಂದು ಸಾಲು ಅವರೆ ಅಥವಾ ಎರಡು ಸಾಲು ತೊಗರಿ ಎಂದು ಇವತ್ತಿಗೂ ಶಿಫಾರಸು ಮಾಡುತ್ತದೆ.

ಆದರೆ ಅಕ್ಕಡಿಯ ಅವರೆಗೆ ದಾಖಲೆಯಲ್ಲಿ ಯಾವತ್ತೂ ಸರಿಯಾದ ಜಾಗ ಸಿಗಲಿಲ್ಲ. ಪಹಣಿಯಲ್ಲಿ ಬೆಳೆಯ ಕಾಲಮಿನಲ್ಲಿ ಬರೆಯುತ್ತಿದ್ದದ್ದು ರಾಗಿ. ಹೊಲದಿಂದ ಬಂದ ಎರಡು ಮೂರು ಮೂಟೆ ಅವರೆ ಮನೆಯಲ್ಲೇ ಉಂಡು, ನೆಂಟರಿಗೆ ಹಂಚಿ, ಮಿಕ್ಕಿದ್ದು ಸಂತೆಗೆ ಹೋಗುತ್ತಿತ್ತು. ಲೆಕ್ಕಕ್ಕೆ ಸಿಗದೆ ಬಂದ ಬೆಳೆ ಲೆಕ್ಕಕ್ಕೆ ಸಿಗದೆಯೇ ಹೋಯಿತು. ಈಗ ಮೊಬೈಲಿನ ಬೆಳೆ ಸಮೀಕ್ಷೆಯಲ್ಲಿ ಮಿಶ್ರ ಬೆಳೆ ನಮೂದಿಸಲು ಅವಕಾಶವಿದೆ. ಆದರೆ ಆ ಅವಕಾಶ ಬರುವ ಹೊತ್ತಿಗೆ ನಮೂದಿಸಬೇಕಾದ ಸಾಲೇ ಬಹಳ ಹೊಲಗಳಲ್ಲಿ ಅಳಿಸಿಹೋಗಿತ್ತು.

ಅಳಿಸಿದ್ದು ಯಾರು ಎಂದರೆ ಒಬ್ಬರ ಮೇಲೆ ಬೊಟ್ಟು ಮಾಡಲಾಗದು. ಮೊದಲು ನೀರಿನ ಮಾತು. 1911ರಲ್ಲಿ ಶುರುವಾದ ಕನ್ನಂಬಾಡಿ ಕಟ್ಟೆ (ಕೆ.ಆರ್.ಎಸ್.) 1930ರ ದಶಕದ ಆರಂಭಕ್ಕೆ ಮುಗಿದು, ಆಗ ಇರ್ವಿನ್ ನಾಲೆ ಎನಿಸಿಕೊಂಡಿದ್ದ ವಿಶ್ವೇಶ್ವರಯ್ಯ ನಾಲೆಯಲ್ಲಿ ನೀರು ಹರಿಯಿತು. 1933ರಲ್ಲಿ ಮಂಡ್ಯದಲ್ಲಿ ಮೈಸೂರು ಸಕ್ಕರೆ ಕಂಪನಿ ಬಂತು. ನಾಲೆಯ ಬಯಲಿಗೆ ವಿಶ್ವೇಶ್ವರಯ್ಯನವರು ಯೋಚಿಸಿದ್ದ ಬ್ಲಾಕ್ ಪದ್ಧತಿಯಲ್ಲಿ ಕಬ್ಬು, ಭತ್ತದ ಜೊತೆಗೆ ಸರದಿಯ ಮೇಲೆ ಅರೆನೀರಾವರಿ ಬೆಳೆಗೂ ಪಾಲಿತ್ತು. ಮೂರು ವರ್ಷಕ್ಕೊಮ್ಮೆ ನೆಲ ಒಣಗಿ ಉಸಿರಾಡಬೇಕು, ನೀರು ಕೊನೆಯ ಹಳ್ಳಿಗೂ ತಲುಪಬೇಕು ಎಂಬುದು ಅದರ ತಿರುಳು. ಆ ಸರದಿ ಮುರಿದುಬಿತ್ತು. ನೀರು ಬಂದ ಗದ್ದೆಯಲ್ಲಿ ಭತ್ತದ ಮೇಲೆ ಭತ್ತ, ಕಬ್ಬಿನ ಮೇಲೆ ಕೂಳೆ ಕಬ್ಬು. ಪಾಂಡವಪುರ, ಶ್ರೀರಂಗಪಟ್ಟಣದ ತಗ್ಗುಗಳು ಜೌಗು ಹಿಡಿದು ಚೌಳಾದದ್ದಕ್ಕೂ, ಕಾಳಿನ ಸರದಿ ತಪ್ಪಿದ್ದಕ್ಕೂ ಸಂಬಂಧವಿದೆ. ಮುಂದೆ ಗೊರೂರಿನ ಹೇಮಾವತಿ ಅಣೆಕಟ್ಟಿನ ಎಡದಂಡೆ ನಾಲೆ ಕೃಷ್ಣರಾಜಪೇಟೆ, ನಾಗಮಂಗಲ ಕಡೆಗೂ ಬಂತು. ಮಾಕವಳ್ಳಿಯಲ್ಲಿ ಸಕ್ಕರೆ ಕಾರ್ಖಾನೆ ಆಯಿತು. ನಾಲೆ ಮುಟ್ಟದ ಕಡೆ ಕೊಳವೆಬಾವಿ ಬಂತು, ಕೊಳವೆಬಾವಿಯ ಹಿಂದೆ ತೆಂಗು, ಹಿಪ್ಪುನೇರಳೆ, ಈಗೀಗ ಅಡಿಕೆ. ತೆಂಗಿನ ನೆರಳು ಬಿದ್ದ ಹೊಲದಲ್ಲಿ ಅವರೆ ಹಬ್ಬುವುದಿಲ್ಲ.

ನೀರು ಬಾರದ ಹೊಲದಲ್ಲೂ ಅಕ್ಕಡಿ ಉಳಿಯಲಿಲ್ಲ. ಅದಕ್ಕೆ ಕಾರಣ ಬೇರೆ ಕಡೆ ಹುಡುಕಬೇಕು. ಮಂಡ್ಯದ ವಿ.ಸಿ. ಫಾರ್ಮ್‌ನ ಕೃಷಿ ಸಂಶೋಧನಾ ಕೇಂದ್ರದಲ್ಲಿ ಕುಳಿತು ನಮ್ಮ ರಾಗಿಗೆ ಆಫ್ರಿಕಾದ ರಾಗಿಯನ್ನು ಕೂಡಿಸಿ ಇಂಡಾಫ್ ತಳಿಗಳನ್ನು ಕೊಟ್ಟ ‘ರಾಗಿ ಲಕ್ಷ್ಮಣಯ್ಯ’ ಈ ಸೀಮೆಯ ಹೊಟ್ಟೆ ತುಂಬಿಸಿದ ಪುಣ್ಯಾತ್ಮರು. ಎಕರೆಗೆ ಬರುವ ರಾಗಿ ಇಮ್ಮಡಿ ಮುಮ್ಮಡಿಯಾಯಿತು. ರಾಗಿಯೇ ಅಷ್ಟು ಬರುವಾಗ ಅದರ ನಡುವೆ ಇನ್ನೊಂದು ಸಾಲಿಗೆ ಜಾಗ ಬಿಡುವುದು ನಷ್ಟ ಎಂದು ರೈತನಿಗೆ ಕಂಡದ್ದು ಸಹಜ. ಆಮೇಲೆ ಬಂದದ್ದು ಕಳೆನಾಶಕ. ರಾಗಿಯಲ್ಲಿ ಅಗಲ ಎಲೆಯ ಕಳೆ ಸಾಯಲೆಂದು ಹೊಡೆಯುವ 2,4-ಡಿ ಅವರೆಯನ್ನೂ ಸಾಯಿಸುತ್ತದೆ. ಮುಸುಕಿನ ಜೋಳಕ್ಕೆ ಹಾಕುವ ಅಟ್ರಜಿನ್ ಅಲಸಂದೆಯನ್ನೂ ಬಿಡುವುದಿಲ್ಲ. ಕೂಲಿಯಾಳು ಸಿಗದೆ ಕಟಾವಿನ ಯಂತ್ರ ಹೊಲಕ್ಕಿಳಿಯಿತು. ಯಂತ್ರಕ್ಕೆ ಬೇಕಾದದ್ದು ಒಟ್ಟಿಗೇ ಮಾಗುವ ಒಂದೇ ಬೆಳೆ. ರಾಗಿಯ ಜೊತೆ ಹಸಿರಾಗಿ ನಿಂತ ಅವರೆ ಬಳ್ಳಿ ಅದಕ್ಕೆ ಅಡ್ಡಿ. ಕೊನೆಗೆ ಬಂದದ್ದು ರಾಗಿಯ ಬೆಂಬಲ ಬೆಲೆ ಖರೀದಿ. ಒಳ್ಳೆಯದೇ, ಆದರೆ ಖರೀದಿ ಕೇಂದ್ರದಲ್ಲಿ ತೂಕವಾಗುವುದು ರಾಗಿ ಮಾತ್ರ. 2025-26ಕ್ಕೆ ರಾಗಿಗೆ ಕ್ವಿಂಟಲಿಗೆ 4,886 ರೂಪಾಯಿ ಖಾತ್ರಿ. ಪಕ್ಕದ ಸಾಲಿನ ಅವರೆಗೆ ಖಾತ್ರಿ ಎಂಬುದೇ ಇಲ್ಲ. ರೈತ ಯಾವ ಸಾಲು ಉಳಿಸಿಕೊಂಡ ಎಂದು ಕೇಳಬೇಕಾಗಿಲ್ಲ.

ಹೀಗಿದ್ದರೂ ಅವರೆ ಸತ್ತಿಲ್ಲ. ಅದು ವೇಷ ಬದಲಿಸಿದೆ. ಹಳೆಯ ನಾಟಿ ಅವರೆ ಹಗಲು ಕಿರಿದಾಗುವ ತನಕ ಹೂ ಬಿಡುವುದಿಲ್ಲ; ಆಷಾಢದಲ್ಲಿ ಬಿತ್ತಿದರೂ ಶ್ರಾವಣದಲ್ಲಿ ಬಿತ್ತಿದರೂ ಕಾಯಿ ಕಾಣುವುದು ಚಳಿಗಾಲಕ್ಕೇ. ಬೆಂಗಳೂರಿನ ಕೃಷಿ ವಿಜ್ಞಾನಿಗಳು ಈ ಕಟ್ಟನ್ನು ಬಿಡಿಸಿದರು. ಹೆಬ್ಬಾಳ ಅವರೆ-3, ಹೆಬ್ಬಾಳ ಅವರೆ-4 ತಳಿಗಳು ಹಗಲಿನ ಉದ್ದಗಲ ಕೇಳುವುದಿಲ್ಲ. ವರ್ಷದ ಯಾವ ತಿಂಗಳಲ್ಲಿ ಹಾಕಿದರೂ ಗಿಡ್ಡ ಗಿಡದ ಮೇಲೆ ಗೊಂಚಲು ಎದ್ದು ನಿಂತು, ಮೂರು ತಿಂಗಳ ಆಸುಪಾಸಿನಲ್ಲಿ ಕಾಯಿ ಕೈಗೆ ಬರುತ್ತದೆ. ಕೊಳವೆಬಾವಿಯಿದ್ದ ರೈತನಿಗೆ ಇದು ತರಕಾರಿ ಬೆಳೆಯಾಯಿತು. ಮೈಸೂರು ಬೆಂಗಳೂರಿನ ಮಾರುಕಟ್ಟೆಗೆ ಹಸಿ ಕಾಯಿ ಹೋಗುತ್ತದೆ; ಬೆಂಗಳೂರಿನ ವಿ.ವಿ. ಪುರದ ಅವರೆಬೇಳೆ ಮೇಳದಲ್ಲಿ ಅದರ ದೋಸೆ, ನಿಪ್ಪಟ್ಟಿಗೂ ಜನ ಸಾಲುಗಟ್ಟುತ್ತಾರೆ. ಒಣಗಿಸಿ, ಬಡಿದು, ಕೇರಿ, ಮಾರುವ ಮೂರು ತಿಂಗಳ ಕಷ್ಟಕ್ಕಿಂತ ಹಸಿ ಕಾಯಿಗೆ ಕೈಮೇಲೆ ಬರುವ ಕಾಸು ಮೇಲು ಎಂದು ರೈತ ಲೆಕ್ಕ ಹಾಕಿದ. ಆ ಲೆಕ್ಕದಲ್ಲಿ ತಪ್ಪಿಲ್ಲ.

ಹೋದದ್ದು ಎರಡು. ಒಂದು ಸೊಗಡು. ಚಳಿಯಲ್ಲಿ ಮಾಗಿದ ನಾಟಿ ಅವರೆಯ ಸಿಪ್ಪೆಯ ಮೇಲೆ ಅಂಟಂಟಾದ ಎಣ್ಣೆ ಒಸರುತ್ತದೆ. ಕಾಯಿ ಸುಲಿದವರ ಬೆರಳು ಸಂಜೆವರೆಗೂ ಗಮ್ಮೆನ್ನುತ್ತದೆ, ಹಿದುಕಿದ ಬೇಳೆ ಸಾರಿನ ಘಮ ಬೀದಿಗೆ ಹರಡುತ್ತದೆ. ವರ್ಷವಿಡೀ ಸಿಗುವ ಗಿಡ್ಡ ಅವರೆಗೆ ಆ ಘಮವಿಲ್ಲ ಎಂದು ಕೊಳ್ಳುವವರೇ ಗೊಣಗುತ್ತಾರೆ. ಸಂತೆಯಲ್ಲಿ ‘ಸೊಗಡಿನ ಅವರೆ’ ಎಂದು ಕೂಗಿ ಮಾರುವವನು ನಾಲ್ಕು ಕಾಸು ಹೆಚ್ಚು ಕೇಳುವುದೂ ಅದಕ್ಕೇ. ಎರಡನೆಯದು ಇನ್ನೂ ದೊಡ್ಡದು: ಒಣ ಕಾಳು. ಹಸಿ ಕಾಯಿಗೆ ಕಿತ್ತ ಅವರೆ ಮನೆಯ ಮಡಕೆ ಸೇರುವುದಿಲ್ಲ. ಮೊದಲೆಲ್ಲ ಹೆಂಗಸರು ಒಣಗಿದ ಅವರೆ, ತೊಗರಿಗೆ ಕೆಮ್ಮಣ್ಣಿನ ಬಗ್ಗಡ ಬಳಿದು, ಬಿಸಿಲಲ್ಲಿ ಒಣಗಿಸಿ ತುಂಬಿಡುತ್ತಿದ್ದರು. ಮಣ್ಣಿನ ತೆಳು ಪೊರೆ ಇದ್ದರೆ ಹುಳ ಕಾಳಿನ ಮೇಲೆ ಮೊಟ್ಟೆ ಇಡದು, ಕುಟ್ಟೆ ಹಿಡಿಯದು. ಅಲಸಂದೆಗೆ ಒಲೆಯ ಬೂದಿ. ಹಾಗೆ ಇಟ್ಟದ್ದು ಮುಂದಿನ ಬಿತ್ತನೆಗೆ ಬೀಜವೂ ಹೌದು, ಬೇಸಿಗೆಯಲ್ಲಿ ತರಕಾರಿ ಇಲ್ಲದ ದಿನಗಳ ಸಾರೂ ಹೌದು. ಮಡಕೆಯಲ್ಲಿ ಕಾಳಿಲ್ಲದ ಮನೆ ಬೀಜಕ್ಕೂ ಅಂಗಡಿಗೆ ಹೋಗಬೇಕು. ಬೀಜದ ಯಜಮಾನಿಕೆ ಹೆಂಗಸರ ಕೈತಪ್ಪಿದ್ದನ್ನು ಯಾವ ಕೃಷಿ ವರದಿಯೂ ನಷ್ಟದ ಖಾತೆಗೆ ಬರೆದಂತೆ ಕಾಣೆ; ನನ್ನ ಎಣಿಕೆಯಲ್ಲಿ ಅದು ಟನ್ನುಗಳ ನಷ್ಟಕ್ಕಿಂತ ಮೇಲಿನದು.

ಹುರುಳಿಯ ಕಥೆ ಎತ್ತಿನ ಕಥೆ. ಹಿಂಗಾರಿನಲ್ಲಿ, ಉತ್ತರೆ ಹಸ್ತದ ಮಳೆಗೆ, ಬೇರೆ ಏನೂ ಬಾರದ ಕಲ್ಲುಭೂಮಿಗೆ ಎಸೆದರೂ ಸಾಕು, ನೂರು ದಿನದಲ್ಲಿ ಎಕರೆಗೆ ಎರಡು ಮೂರು ಕ್ವಿಂಟಲ್ ಕೊಡುವ ಬೆಳೆ ಅದು. ಗೊಬ್ಬರ ಕೇಳದು, ಔಷಧಿ ಕೇಳದು. ಬೇಯಿಸಿದ ಹುರುಳಿ ಎತ್ತಿಗೆ, ಕಟ್ಟಿನ ಸಾರು ಮನುಷ್ಯರಿಗೆ, ಹೊಟ್ಟು ಹಸುವಿಗೆ. ಹಳ್ಳಿಕಾರ್ ಎತ್ತುಗಳ ಸೀಮೆಯಲ್ಲಿ ಜೋಡಿ ಕಟ್ಟಿದ ಮನೆ ಎಂದರೆ ಅಲ್ಲಿ ಹುರುಳಿ ಇರಲೇಬೇಕು. ಟ್ರ್ಯಾಕ್ಟರು, ಟಿಲ್ಲರು ಬಂದು ಕೊಟ್ಟಿಗೆ ಖಾಲಿಯಾದಂತೆ ಹುರುಳಿ ಬಿತ್ತುವ ಮೊದಲ ಕಾರಣವೇ ಹೋಯಿತು. ಈಗ ಓಟದ ಎತ್ತು, ಜಾತ್ರೆಯ ಎತ್ತು ಸಾಕುವವರು ಮಾತ್ರ ಹುರುಳಿಯನ್ನು ಮೂಟೆ ಲೆಕ್ಕದಲ್ಲಿ ಕೊಳ್ಳುತ್ತಾರೆ.

ಬಿತ್ತಿದವರಿಗೂ ಒಕ್ಕಣೆಯೇ ಸಂಕಟ. ಹುರುಳಿ ಗಿಡವನ್ನು ಬೆಳಗಿನ ಜಾವ, ಇಬ್ಬನಿ ಆರುವ ಮುನ್ನವೇ ಬೇರು ಸಮೇತ ಕೀಳಬೇಕು. ಬಿಸಿಲೇರಿದರೆ ಕಾಯಿ ಸಿಡಿದು ಕಾಳು ನೆಲದ ಪಾಲು. ಮೆದೆ ಹಾಕಿದ್ದನ್ನು ಹಿಂದೆ ಸಗಣಿ ಸಾರಿಸಿದ ಕಣದಲ್ಲಿ ಹರಡಿ ಎತ್ತಿನ ಹಿಂದೆ ಕಲ್ಲಿನ ಗುಂಡು ಹೊಡೆಯುತ್ತಿದ್ದರು. ಈಗ ಎತ್ತಿಲ್ಲ, ಗುಂಡು ಬೀದಿಬದಿಯಲ್ಲಿ ಅರ್ಧ ಹೂತು ಬಿದ್ದಿದೆ, ಕಣವಿದ್ದ ಜಾಗದಲ್ಲಿ ಮನೆ ಎದ್ದಿದೆ. ಹಾಗಾಗಿ ಹುರುಳಿ ಡಾಂಬರು ರಸ್ತೆಗೆ ಬಂತು. ಚಳಿಗಾಲದಲ್ಲಿ ಕೃಷ್ಣರಾಜಪೇಟೆ, ನಾಗಮಂಗಲ ಕಡೆ ಓಡಾಡುವವರೆಲ್ಲ ಕಂಡಿರುತ್ತಾರೆ: ರಸ್ತೆಯ ಅರ್ಧ ಅಗಲಕ್ಕೆ ಮೊಣಕಾಲೆತ್ತರ ಹುರುಳಿ ಹಾಸು, ಅದರ ಮೇಲೆ ಹಾಯುವ ಬಸ್ಸು ಕಾರು, ಬದಿಯಲ್ಲಿ ಕವೆಗೋಲು ಹಿಡಿದು ತಿರುವಿ ಹಾಕುವ ದಂಪತಿ. ಒಣ ಬಳ್ಳಿ ಚಕ್ರದ ಅಚ್ಚಿಗೆ ಸುತ್ತಿಕೊಳ್ಳುತ್ತದೆ, ಕಾದ ಸೈಲೆನ್ಸರಿಗೆ ತಾಗಿ ಕಾರುಗಳು ಹೊತ್ತಿ ಉರಿದದ್ದುಂಟು. ಬೈಕು ಜಾರಿ ಬಿದ್ದವರುಂಟು. ಪೊಲೀಸರು ವರ್ಷ ವರ್ಷ ಎಚ್ಚರಿಕೆ ಕೊಡುತ್ತಾರೆ, ರೈತ ವರ್ಷ ವರ್ಷ ರಸ್ತೆಗೇ ಬರುತ್ತಾನೆ. ಅವನಿಗೆ ಬೇರೆ ಜಾಗವಿಲ್ಲ. ಉದ್ಯೋಗ ಖಾತ್ರಿಯಲ್ಲಿ ಒಕ್ಕಣೆ ಕಣ ಕಟ್ಟಿಸಲು ಅವಕಾಶವಿತ್ತು. ಊರಿಗೆರಡು ಸಿಮೆಂಟು ಕಣ, ಹೋಬಳಿಗೊಂದು ಕಾಳು ಬಿಡಿಸುವ ಯಂತ್ರ ಬಾಡಿಗೆಗೆ ಸಿಕ್ಕರೆ ಹುರುಳಿಯ ಬಿತ್ತನೆ ಒಂದೆರಡು ವರ್ಷದಲ್ಲಿ ಏರುತ್ತದೆ ಎಂದು ಧೈರ್ಯವಾಗಿ ಹೇಳಬಲ್ಲೆ. ಬೀಜದ ಕೊರತೆಗಿಂತ ಕಣದ ಕೊರತೆ ಈ ಬೆಳೆಯನ್ನು ಹೆಚ್ಚು ಹಿಂದೆ ತಳ್ಳಿದೆ.

ಅಲಸಂದೆ, ಹೆಸರು, ಉದ್ದು ಮುಂಗಾರು ಪೂರ್ವದ ಬೆಳೆಗಳು. ಭರಣಿ ಕೃತ್ತಿಕೆ ಮಳೆಗೆ ಬಿತ್ತಿ, ರಾಗಿ ನಾಟಿಗೆ ಮುನ್ನ ಕೊಯ್ದು, ಸೊಪ್ಪನ್ನು ಮಣ್ಣಿಗೆ ಉತ್ತರೆ ರಾಗಿಗೆ ಬೇರೆ ಗೊಬ್ಬರದ ಚಿಂತೆ ಅರ್ಧ ಇಳಿಯುತ್ತಿತ್ತು. ಇವುಗಳ ಮೇಲೆ ಎರಗಿದ್ದು ಮಳೆಯ ಏರುಪೇರು. ಭರಣಿ ತಡವಾದರೆ ಬಿತ್ತನೆ ಹೋಯಿತು. ಕೊಯ್ಲಿನ ವಾರ ಜಡಿಮಳೆ ಹಿಡಿದರೆ ಕಾಳು ಕಾಯಿಯೊಳಗೇ ಮೊಳೆಯುತ್ತದೆ. ಹೆಸರು ಉದ್ದಿಗೆ ಬಿಳಿನೊಣ ತರುವ ಹಳದಿ ನಂಜು ರೋಗ. ಅಲಸಂದೆ ಒಟ್ಟಿಗೆ ಮಾಗದು, ಎರಡು ಮೂರು ಸಲ ಬಿಡಿಸಬೇಕು, ಬಿಡಿಸುವ ಕೈಗಳು ಈಗ ಗಾರ್ಮೆಂಟ್ಸ್ ಕಾರ್ಖಾನೆಯ ಬಸ್ಸು ಹತ್ತಿವೆ. ತೊಗರಿಯೂ ಬದುವಿನಿಂದ ಹೆಚ್ಚು ಒಳಗೆ ಬರಲಿಲ್ಲ: ಆರು ತಿಂಗಳು ನಿಲ್ಲುವ ಹಳೆಯ ತಳಿಗೆ ಗೊಡ್ಡು ರೋಗದ ಕಾಟ, ಬಿ.ಆರ್.ಜಿ. ತಳಿಗಳನ್ನು ಹಾಕಿದವರು ಹಸಿ ಕಾಯಿಗೇ ಮಾರಿಬಿಡುವುದು ಹೆಚ್ಚು. ನಾಗಮಂಗಲದ ಕಡೆ ಇನ್ನೊಂದು ಸಂಕಟವಿದೆ. ಆದಿಚುಂಚನಗಿರಿಯ ನವಿಲುಧಾಮದ ಸುತ್ತಲಿನ ಹೊಲಗಳಲ್ಲಿ ಮೊಳಕೆ ಕಾಳನ್ನು ನವಿಲು ಹೆಕ್ಕುತ್ತದೆ, ಬೆಳೆದದ್ದನ್ನು ಹಂದಿ ತುಳಿಯುತ್ತದೆ. ರಾತ್ರಿ ಕಾಯಲು ಮನೆಯಲ್ಲಿ ಹುಡುಗರಿಲ್ಲದ ಹಿರಿಯರು ಕಾಳು ಬಿಟ್ಟು ನೀಲಗಿರಿ ನೆಟ್ಟದ್ದಿದೆ.

ಇನ್ನು ದೇಶದ ಕಡೆಗೆ ತಿರುಗೋಣ. ಉತ್ಪಾದನೆ ಮೂರು ಪಟ್ಟು ಮೀರಿದ್ದು ನಿಜವಾದರೂ ಎಪ್ಪತ್ತು ವರ್ಷದಲ್ಲಿ ಹೆಕ್ಟೇರ್ ಇಳುವರಿ 441 ಕಿಲೋದಿಂದ ಸುಮಾರು 890 ಕಿಲೋಗೆ ಏರಿದ್ದಷ್ಟೇ. ಅದೇ ಅವಧಿಯಲ್ಲಿ ಗೋಧಿಯ ಇಳುವರಿ ಐದು ಪಟ್ಟಾಯಿತು. ಹಸಿರು ಕ್ರಾಂತಿ ನೀರಿದ್ದ ಒಳ್ಳೆಯ ಭೂಮಿಯನ್ನು ಗೋಧಿ ಭತ್ತಕ್ಕೆ ಕೊಟ್ಟು ಬೇಳೆಕಾಳನ್ನು ಒಣ ಬಡ ಭೂಮಿಗೆ ಅಟ್ಟಿತು. ಕಾಳಿನ ಬೆಳೆ ಪಂಜಾಬು ಹರಿಯಾಣ ಬಿಟ್ಟು ಮಧ್ಯಪ್ರದೇಶ, ಮಹಾರಾಷ್ಟ್ರ, ರಾಜಸ್ಥಾನ, ಕರ್ನಾಟಕಕ್ಕೆ ಇಳಿದು ಬಂತು. ಜನಸಂಖ್ಯೆ ಬೆಳೆದಷ್ಟು ಕಾಳು ಬೆಳೆಯದೆ, 1951ರಲ್ಲಿ ತಲೆಗೆ ದಿನಕ್ಕೆ ಸುಮಾರು 60 ಗ್ರಾಂ ಸಿಗುತ್ತಿದ್ದದ್ದು 2001ರ ಹೊತ್ತಿಗೆ 30 ಗ್ರಾಮಿಗೆ ಇಳಿಯಿತು. ಆಮೇಲೆ ಕೊಂಚ ಚೇತರಿಸಿದ್ದರೂ ಐವತ್ತರ ದಶಕದ ಮಟ್ಟ ಮತ್ತೆ ಬಂದಿಲ್ಲ. ಪ್ರಪಂಚದಲ್ಲೇ ಅತಿ ಹೆಚ್ಚು ಬೇಳೆಕಾಳು ಬೆಳೆಯುವ, ಉಣ್ಣುವ ದೇಶ ಅತಿ ಹೆಚ್ಚು ಆಮದು ಮಾಡಿಕೊಳ್ಳುವ ದೇಶವೂ ಆಗಿರುವುದು ಹೀಗೆ. ಉದ್ದು, ತೊಗರಿ ಮ್ಯಾನ್ಮಾರ್‌ನಿಂದ, ತೊಗರಿ ಮೊಜಾಂಬಿಕ್, ಟಾಂಜಾನಿಯಾ, ಮಲಾವಿಯಿಂದ, ಮಸೂರ ಮತ್ತು ಹಳದಿ ಬಟಾಣಿ ಕೆನಡಾದಿಂದ ಬರುತ್ತವೆ.

2015-16ರ ಘಟನಾವಳಿ ಈ ವ್ಯಾಪಾರದ ಒಳಗನ್ನು ಬಿಚ್ಚಿ ತೋರಿಸಿತು. ಎರಡು ವರ್ಷ ಬರ ಬಿದ್ದು 2015ರ ಕೊನೆಗೆ ತೊಗರಿಬೇಳೆ ಕಿಲೋಗೆ 200 ರೂಪಾಯಿ ಮುಟ್ಟಿತು. ಸರ್ಕಾರ 2016ರಲ್ಲಿ ಮೊಜಾಂಬಿಕ್ ಜೊತೆ ಒಪ್ಪಂದ ಮಾಡಿಕೊಂಡಿತು, ರೈತರೂ ಬೆಲೆ ನೋಡಿ ಮುಗಿಬಿದ್ದು ಬಿತ್ತಿದರು, ಮಳೆಯೂ ಒಲಿಯಿತು. ಒಂದೇ ವರ್ಷದಲ್ಲಿ ದೇಶದ ಬೇಳೆಕಾಳು 163 ಲಕ್ಷ ಟನ್‌ನಿಂದ 231 ಲಕ್ಷ ಟನ್‌ಗೆ ಜಿಗಿಯಿತು, ಆಮದೂ 66 ಲಕ್ಷ ಟನ್ ಬಂದಿಳಿಯಿತು. ಕಲಬುರಗಿಯ ತೊಗರಿ ರೈತ ಕ್ವಿಂಟಲಿಗೆ 5,050 ರೂಪಾಯಿಯ ಬೆಂಬಲ ಬೆಲೆಗಿಂತ ಕೆಳಗೆ ಮಾರಿ ಕಣ್ಣೀರಿಟ್ಟ. ಖರೀದಿ ಕೇಂದ್ರದ ಮುಂದೆ ಮೂಟೆ ಕಾಯುತ್ತ ದಿನಗಟ್ಟಲೆ ಮಲಗಿದ. ತೊಗರಿ ಮಂಡಳಿ ಇರುವ, ಆಮೇಲೆ 2019ರಲ್ಲಿ ಭೌಗೋಳಿಕ ಮಾನ್ಯತೆ ಪಡೆದ ಕಲಬುರಗಿಯ ತೊಗರಿಗೇ ಈ ಪಾಡು. ಪೇಟೆಯಲ್ಲಿ ಬೇಳೆ ಅಗ್ಗವಾಗಲಿ ಎಂಬ ಆತುರ ಮತ್ತು ಹೊಲದಲ್ಲಿ ಬೇಳೆ ಹೆಚ್ಚಲಿ ಎಂಬ ಆಸೆ ಒಂದನ್ನೊಂದು ಹೊಡೆಯುತ್ತವೆ. ಸರ್ಕಾರಗಳು ಬಹುತೇಕ ಪೇಟೆಯ ಪಕ್ಷವನ್ನೇ ಹಿಡಿದಿವೆ. 2023ರ ಡಿಸೆಂಬರಿನಲ್ಲಿ ಹಳದಿ ಬಟಾಣಿಗೆ ಸುಂಕ ತೆಗೆದದ್ದೂ ಅದೇ ಜಾಡು. ಬಟಾಣಿ ಹಿಟ್ಟು ಕಡಲೆ ಹಿಟ್ಟಿನ ಜಾಗ ಹಿಡಿದರೆ ಕಡಲೆ ರೈತನಿಗೆ ಏಟು ಬೀಳುವುದು ಗೊತ್ತಿದ್ದದ್ದೇ. ಉತ್ಪಾದನೆ 2021-22ರ ಎತ್ತರದಿಂದ 2023-24ರಲ್ಲಿ 242 ಲಕ್ಷ ಟನ್ನಿಗೆ ಇಳಿಯಿತು.

2025ರ ಅಕ್ಟೋಬರಿನಲ್ಲಿ ಕೇಂದ್ರ ಹೊಸದೊಂದು ಯೋಜನೆ ಹೊರಡಿಸಿತು. 11,440 ಕೋಟಿ ರೂಪಾಯಿಯ ಬೇಳೆಕಾಳು ಸ್ವಾವಲಂಬನೆ ಮಿಷನ್, 2030-31ಕ್ಕೆ 350 ಲಕ್ಷ ಟನ್ ಗುರಿ, ತೊಗರಿ, ಉದ್ದು, ಮಸೂರಕ್ಕೆ ನಾಲ್ಕು ವರ್ಷ ಬೆಂಬಲ ಬೆಲೆಯಲ್ಲಿ ನೋಂದಾಯಿತ ರೈತರು ತಂದಷ್ಟೂ ಖರೀದಿ, ಬೀಜದ ಕಿಟ್ಟು, ಒಂದು ಸಾವಿರ ಸಂಸ್ಕರಣಾ ಘಟಕ. ಖರೀದಿಯ ಭರವಸೆ ಬಹಳ ಕಾಲದಿಂದ ಬೇಕಿದ್ದದ್ದು, ಸ್ವಾಗತಿಸಬೇಕಾದದ್ದು. ಆದರೆ ಪಟ್ಟಿಯನ್ನು ಶೀಳನೆರೆಯಿಂದ ಓದಿದರೆ ಉದ್ದು, ತೊಗರಿಯ ಅಂಚು ಬಿಟ್ಟು ಬೇರೇನೂ ಇತ್ತ ಬರುವುದಿಲ್ಲ. ನಾಲ್ಕು ಸಾವಿರ ವರ್ಷ ಇಲ್ಲಿನ ಬರಗಳನ್ನು ದಾಟಿಸಿದ ಹುರುಳಿಯ ಹೆಸರು ಅದರ ಮುಖ್ಯ ಪಟ್ಟಿಯಲ್ಲಿಲ್ಲ. ರಾಜ್ಯ ಸರ್ಕಾರ ತನ್ನ ಕಡೆಯಿಂದ ಮಾಡಬಹುದಾದದ್ದು ಬೇಕಾದಷ್ಟಿದೆ. ರಾಗಿಯನ್ನು ಕೊಂಡು ಪಡಿತರಕ್ಕೆ ಕೊಡುವ ಸರ್ಕಾರ ಅದೇ ಕೇಂದ್ರದಲ್ಲಿ ಹುರುಳಿ, ಅಲಸಂದೆ ಕೊಂಡು ಅಂಗನವಾಡಿಗೆ, ಶಾಲೆಯ ಬಿಸಿಯೂಟಕ್ಕೆ ಕೊಡಲಾಗದೇ? ಮಂಡ್ಯದ ಮಕ್ಕಳು ಮನೆಯಲ್ಲಿ ಉಪ್ಸಾರು, ಬಸ್ಸಾರು ಉಂಡು ಬೆಳೆದವರು. ನೂರು ಗ್ರಾಂ ಒಣ ಕಾಳಿನಲ್ಲಿ 20ರಿಂದ 25 ಗ್ರಾಂ ಪ್ರೋಟೀನಿರುವ ಹುರುಳಿ ಅವರಿಗೆ ಹೊಸತೂ ಅಲ್ಲ, ಹೊರಗಿನದೂ ಅಲ್ಲ.

ಕಾವೇರಿ ಬಯಲಿನಲ್ಲೇ ಕಾಳಿಗೆ ಅತಿ ದೊಡ್ಡ ಜಾಗ ಖಾಲಿ ಬಿದ್ದಿದೆ ಎಂಬುದು ನನಗೆ ಖಚಿತವಾಗಿ ಕಾಣುವ ಸಂಗತಿ. 2023ರಲ್ಲಿ ರಾಜ್ಯದ 236 ತಾಲ್ಲೂಕುಗಳಲ್ಲಿ 223 ಬರಪೀಡಿತವೆಂದು ಘೋಷಣೆಯಾದವು; ಕೆ.ಆರ್.ಎಸ್. 124.80 ಅಡಿ ತುಂಬಲಿಲ್ಲ. ವಿಶ್ವೇಶ್ವರಯ್ಯ ನಾಲೆಯ ಬಯಲಿನಲ್ಲಿ ಬೇಸಿಗೆ ಬೆಳೆಗೆ ನೀರಿನ ಆಸೆ ಕೈಬಿಡಬೇಕಾಯಿತು. ಅಂಥ ವರ್ಷಗಳಲ್ಲಿ ಭತ್ತ ಕೊಯ್ದ ಗದ್ದೆಯ ಪಸೆಯಲ್ಲೇ ಉದ್ದು, ಹೆಸರು, ಅಲಸಂದೆ ಎರಚಿದರೆ ಒಂದೆರಡು ತೇವಕ್ಕೆ ಬರುತ್ತವೆ. ಒಂದು ಎಕರೆ ಬೇಸಿಗೆ ಭತ್ತ ಕುಡಿಯುವ ನೀರಿನಲ್ಲಿ ಹಲವು ಎಕರೆ ಕಾಳು ಆಗುತ್ತದೆ, ಚೌಳು ಹತ್ತುವ ಗದ್ದೆಗೆ ಆರಲು ಬಿಡುವು ಸಿಗುತ್ತದೆ. ರೈತರಿಗೆ ಇದು ಗೊತ್ತಿಲ್ಲವೆಂದಲ್ಲ. ‘ಅರೆನೀರಾವರಿ ಬೆಳೆ ಹಾಕಿ’ ಎಂಬ ಮಾತು ಬರುವ ಹೊತ್ತಿಗೆ ಗದ್ದೆಯ ಪಸೆ ಆರಿರುತ್ತದೆ. ರೈತ ಸಂಪರ್ಕ ಕೇಂದ್ರಕ್ಕೆ ಹೋದರೆ ಬೇಕಾದ ಬೀಜ ಇನ್ನೂ ಬಂದಿರುವುದಿಲ್ಲ. ಬೆಳೆದರೆ ಕೊಳ್ಳುವವರಾರು ಎಂಬುದಕ್ಕೆ ಉತ್ತರವಿಲ್ಲ. ಆಳುವವರು ಪ್ರತಿ ಬರದಲ್ಲಿ ಇದೇ ಸಲಹೆಯನ್ನು ಇದೇ ತಡದಲ್ಲಿ ಕೊಡುತ್ತ ಬಂದಿದ್ದಾರೆ. ಭತ್ತ ಕೊಯ್ಯುವ ಮೊದಲೇ, ಕಾರ್ತಿಕದಲ್ಲೇ, ನೀರು ಉಂಟೋ ಇಲ್ಲವೋ ಎಂದು ನೀರಾವರಿ ಸಲಹಾ ಸಮಿತಿ ಹೇಳಿಬಿಡಬೇಕು.

ಅಕ್ಕಡಿಯನ್ನು ಇದ್ದಂತೆಯೇ ಮರಳಿ ತರಲಾಗದು, ಎತ್ತೂ ಇಲ್ಲ, ಸಡ್ಡೆಗೆ ಕಾಳು ಬಿಡುವವರೂ ಇಲ್ಲ. ಆದರೆ ಟ್ರ್ಯಾಕ್ಟರಿನ ಕೂರಿಗೆಯಲ್ಲಿ ಎಂಟು ಸಾಲು ರಾಗಿ ಹಾಕಿ, ಯಂತ್ರ ಹಾಯುವಷ್ಟು ಅಗಲ ಬಿಟ್ಟು ಎರಡು ಸಾಲು ತೊಗರಿಯನ್ನೋ ಅವರೆಯನ್ನೋ ಒಟ್ಟಿಗೆ ಹಾಕುವ ಪಟ್ಟಿ ಬೇಸಾಯ ಆಗುವ ಕೆಲಸ. ವಿ.ಸಿ. ಫಾರ್ಮ್‌ನ ವಿಜ್ಞಾನಿಗಳು ರಾಗಿಯ ತಳಿಯನ್ನು ಒಂಟಿ ಬೆಳೆಯಾಗಿ ಪರೀಕ್ಷಿಸುವಷ್ಟೇ ಶ್ರದ್ಧೆಯಿಂದ ಜೋಡಿ ಬೆಳೆಯಾಗಿ ಪರೀಕ್ಷಿಸಬೇಕು. ದೇಸಿ ಬೀಜಗಳನ್ನು ಊರೂರಿಂದ ಕೂಡಿಹಾಕುವ ಸಹಜ ಸಮೃದ್ಧದಂಥ ಸಂಘಟನೆಗಳ ಬೀಜಮೇಳಗಳಲ್ಲಿ ನಾಟಿ ಅವರೆಯ ಬಗೆಬಗೆಯ ಕಾಳು ಇನ್ನೂ ಕಾಣಸಿಗುತ್ತದೆ, ಬಿಳಿ, ಕೆಂಪು, ಕಪ್ಪು, ಚುಕ್ಕಿಯವು. ಸೊಗಡಿನ ಅವರೆಗೆ ಪಟ್ಟಣದಲ್ಲಿ ಹೆಚ್ಚು ಬೆಲೆ ಕೊಡುವವರೂ ಇದ್ದಾರೆ. ಹೊಸ ಮಿಷನ್ನಿನ ಸಾವಿರ ಘಟಕಗಳಲ್ಲಿ ಒಂದು ಕೃಷ್ಣರಾಜಪೇಟೆಗೆ ಬಂದು, ಅದರಲ್ಲಿ ತೊಗರಿಯ ಜೊತೆ ಒಣ ಅವರೆಯೂ ಬೇಳೆಯಾದರೆ, ಹಸಿ ಕಾಯಿಗೇ ಕೀಳಬೇಕೆಂಬ ಅವಸರ ತಗ್ಗೀತು. ಇದೆಲ್ಲಕ್ಕೂ ಮೊದಲು ಆಗಬೇಕಾದ ಒಂದು ಸಣ್ಣ ಕೆಲಸವಿದೆ, ಅದಕ್ಕೆ ದಿಲ್ಲಿಯ ಅಪ್ಪಣೆ ಬೇಡ. ಏಪ್ರಿಲ್ ಕೊನೆಯ ವಾರ ಭರಣಿ ಹುಟ್ಟುತ್ತದೆ. ಅಷ್ಟರೊಳಗೆ ಅಲಸಂದೆ, ಹೆಸರಿನ ಬೀಜ ಹೋಬಳಿಯ ರೈತ ಸಂಪರ್ಕ ಕೇಂದ್ರಕ್ಕೆ ಬಂದಿರಬೇಕು. ಮೊದಲ ಹದಕ್ಕೆ ನೇಗಿಲು ಹೂಡಿದವನು ಬೀಜವಿಲ್ಲದೆ ಹಿಂದಿರುಗಬಾರದು.